ನಿಮ್ಮ ಮಾತು, ಅಕ್ಕನ ಬಾಯಿ

ಪುಣೆಯಿಂದ ಬಂದ ಈ ಪತ್ರವನ್ನು ಓದಿ ಎರಡು ದಿನ ಕಳೆದರೂ ನನ್ನ ಸಿಟ್ಟು ಇಳಿದಿಲ್ಲ. ವಿಜಯಪುರದ ತಂಗಿ, ನೀವು ಚಾರ್ಟರ್ಡ್ ಅಕೌಂಟೆಂಟ್, ಫ್ಲ್ಯಾಟ್ ಇರುವುದು ನಿಮ್ಮದೇ ಹೆಸರಿನಲ್ಲಿ. ಕಳೆದ ವರ್ಷ ಹೌಸಿಂಗ್ ಸೊಸೈಟಿಯ ವಾರ್ಷಿಕ ಸಭೆಯಲ್ಲಿ, ಕಟ್ಟಡಕ್ಕೆ ಬಣ್ಣ ಬಳಿಸಿದ ಖರ್ಚನ್ನು, ದೊಡ್ಡ ದುರಸ್ತಿ, ಮರುನಿರ್ಮಾಣಕ್ಕೆಂದು ಕೂಡಿಡುವ ಸಿಂಕಿಂಗ್ ಫಂಡಿನಿಂದ ತೆಗೆದದ್ದನ್ನು ನೀವು ಪ್ರಶ್ನಿಸಿದಾಗ, ಬುರ್ಖಾ ತೊಟ್ಟಿದ್ದ ನಿಮ್ಮತ್ತ ನೋಡದೆಯೇ ಕಾರ್ಯದರ್ಶಿಗಳು 'ಭಾಭೀ, ಭಾಯಿಸಾಹೇಬರನ್ನು ಕಳುಹಿಸಿ' ಎಂದರು. 2021ರ ಆನ್‌ಲೈನ್ ಸಭೆಯಲ್ಲಿ ಕ್ಯಾಮೆರಾ ತೆರೆಯದೆ, ಬರೀ ಫ್ಲ್ಯಾಟ್ ಸಂಖ್ಯೆಯಾಗಿ ಮಾತನಾಡಿದ್ದಾಗ ಅದೇ ಜನ ನಿಮ್ಮ ಮಾತಿನಂತೆ ಲೆಕ್ಕ ತಿದ್ದಿದ್ದರು. ಆದ್ದರಿಂದ ಈ ಸೆಪ್ಟೆಂಬರಿನ ಸಭೆಗೆ ಬುರ್ಖಾ ತೆಗೆದಿಟ್ಟು ಹೋಗಲೇ ಎಂದು ಕೇಳಿದ್ದೀರಿ.

ಅದು ನಿಮಗೆ ಬಿಟ್ಟದ್ದು. ಕರ್ನಾಟಕದ ಹಿಜಾಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳೇ 2022ರ ಅಕ್ಟೋಬರ್ 13ರಂದು ಒಮ್ಮತಕ್ಕೆ ಬರಲಿಲ್ಲ. ಅದಾದರೂ ತರಗತಿಯ ಸಮವಸ್ತ್ರದ ಮಾತು, ನಿಮ್ಮ ಸೊಸೈಟಿಯ ಸದಸ್ಯರಿಗೆ ಸಮವಸ್ತ್ರವಿಲ್ಲ.

ನನ್ನನ್ನು ಕೆಣಕಿದ್ದು ಪತ್ರದ ಕೊನೆಯ ಸಾಲು. ಪಕ್ಕದ ಮನೆಯ ಧಾರವಾಡದ ಅಕ್ಕ ನಿಮ್ಮ ಮಾತನ್ನೇ ಮರಾಠಿಯಲ್ಲಿ ಮತ್ತೊಮ್ಮೆ ಹೇಳಿದ್ದರಿಂದ ಸಭೆ ಒಪ್ಪಿತು, 'ದೊಡ್ಡ ಉಪಕಾರವಾಯಿತು' ಎಂದಿದ್ದೀರಿ. ನೀವೂ ಮರಾಠಿಯಲ್ಲೇ ಹೇಳಿದ್ದಿರಲ್ಲ! ಆ ಅಕ್ಕನನ್ನು ಈಗ ಸಮಿತಿಗೂ ಸೇರಿಸಿಕೊಂಡಿದ್ದಾರೆ. ಕಾರ್ಯದರ್ಶಿಗಳ ಒರಟುತನವಾದರೂ ಕಣ್ಣಿಗೆ ಕಾಣುತ್ತದೆ. ಪ್ರತಿ ರಂಜಾನಿಗೆ ನಿಮ್ಮ ಮನೆಯ ಶೀರ್ ಕುರ್ಮಾ ಉಂಡ ಈಕೆಗೆ 'ಇದು ಇವರು ಹೇಳಿದ್ದು' ಎಂಬ ಒಂದು ವಾಕ್ಯ ಸೇರಿಸಲು ಏನು ಕಷ್ಟವಿತ್ತು?

ನನ್ನ ಹಳೆಯ ಹಟ ಈ ಅಂಕಣದ ಓದುಗರಿಗೆ ಗೊತ್ತು: ನಡಾವಳಿ ಪುಸ್ತಕದಲ್ಲಿ ಇಲ್ಲದ ಮಾತು ಆಡಿದ ಮಾತಲ್ಲ. ಮಹಾರಾಷ್ಟ್ರ ಸಹಕಾರ ಸಂಘಗಳ ಕಾಯ್ದೆ, 1960ರ 32ನೇ ಕಲಮಿನ ಪ್ರಕಾರ ಸದಸ್ಯರು ಸಾಮಾನ್ಯ ಸಭೆಯ ನಡಾವಳಿಯನ್ನು ಶುಲ್ಕವಿಲ್ಲದೆ ನೋಡಬಹುದು. ನಾಳೆಯೇ ಸೊಸೈಟಿಯ ಕಚೇರಿಗೆ ಹೋಗಿ, ನಿಮ್ಮ ಆಕ್ಷೇಪ ಯಾರ ಹೆಸರಿನಲ್ಲಿದೆ ಎಂದು ನೋಡಿ. ಅಕ್ಕನ ಹೆಸರಿದ್ದರೆ, ಹಿಂದಿನ ನಡಾವಳಿಯನ್ನು ಓದಿ ಮಂಜೂರು ಮಾಡಿಸುವ ಹೊತ್ತಿಗೆ, ನಿಮಗೆ ಬೇಕಾದ ಉಡುಪಿನಲ್ಲಿ ಎದ್ದು ನಿಂತು ತಿದ್ದುಪಡಿ ಸೂಚಿಸಿ. ಅನುಮೋದಿಸಲು ಅಕ್ಕನನ್ನೇ ಹೆಸರಿಟ್ಟು ಕರೆಯಿರಿ. ಅವರು ಕೈ ಎತ್ತಿದರೋ ಇಲ್ಲವೋ ನನಗೆ ಬರೆದು ತಿಳಿಸಿ.