ಇಬ್ರಾಹಿಮ್, ಮೂಸಾ ಇಸ್ಲಾಮಿನ ಪ್ರವಾದಿಗಳು ಹೇಗೆ?

ಇಸ್ಲಾಂ 7ನೇ ಶತಮಾನದಲ್ಲಿ ಹುಟ್ಟಿದ್ದಾದರೆ ಅದಕ್ಕಿಂತ ಎಷ್ಟೋ ಹಿಂದಿನ ಇಬ್ರಾಹಿಮ್ (ಬೈಬಲಿನ ಅಬ್ರಹಾಮ), ಮೂಸಾ (ಮೋಶೆ), ಈಸಾ (ಯೇಸು) ಅದರ ಪ್ರವಾದಿಗಳಾದದ್ದು ಹೇಗೆ ಎಂದು ತಾವು ಕೇಳಿದ್ದೀರಿ. ಇತಿಹಾಸದ ಲೆಕ್ಕವೂ ನಂಬಿಕೆಯ ಲೆಕ್ಕವೂ ಇಲ್ಲಿ ಬೇರೆ ಬೇರೆ. ಮುಹಮ್ಮದರು ಹೊಸ ಧರ್ಮವೊಂದನ್ನು ಕಟ್ಟಿದರು ಎಂದು ಮುಸ್ಲಿಮರು ಭಾವಿಸುವುದಿಲ್ಲ. ಆದಮರಿಂದ ಆರಂಭವಾದ ಪ್ರವಾದಿಗಳ ಪರಂಪರೆಯಲ್ಲಿ ಮುಹಮ್ಮದರು ಕೊನೆಯವರು ಎಂಬುದು ಮುಸ್ಲಿಮರ ನಂಬಿಕೆ. ಕುರ್‌ಆನ್ ಹೆಸರಿಸುವ ಪ್ರವಾದಿಗಳು 25 ಮಂದಿ ಎಂಬುದು ರೂಢಿಯ ಎಣಿಕೆ. ಅವರಲ್ಲಿ ಅತಿ ಹೆಚ್ಚು ಬಾರಿ ಬರುವ ಹೆಸರು ಮುಹಮ್ಮದರದಲ್ಲ, ಮೂಸಾ ಅವರದು. ಹೊರಗಿನ ಓದುಗರಿಗೆ ಇದು ಸಾಮಾನ್ಯವಾಗಿ ಅಚ್ಚರಿಯ ಸಂಗತಿ.

ಈ ಕೊಂಡಿ ಮೊದಲ ದಿನಗಳ ಕಥನದಲ್ಲೇ ಕಾಣುತ್ತದೆ. ಸುಮಾರು 610ರಲ್ಲಿ, ಮಕ್ಕಾ ಹತ್ತಿರದ ಹಿರಾ ಗುಹೆಯಲ್ಲಿ ಮೊದಲ ದೇವವಾಣಿಯನ್ನು ಕೇಳಿದ ಮುಹಮ್ಮದರು ನಡುಗುತ್ತಾ ಮನೆಗೆ ಬಂದು, ತಮಗೆ ಹೊದಿಸಿರೆಂದು ಕೇಳಿಕೊಂಡರು. ಅವರನ್ನು ಸಮಾಧಾನಪಡಿಸಿದ ಪತ್ನಿ ಖದೀಜಾ, ಕ್ರೈಸ್ತ ಮತವನ್ನು ಸ್ವೀಕರಿಸಿದ್ದ ತಮ್ಮ ಬಂಧು ವರಕಾ ಬಿನ್ ನೌಫಲ್ ಎಂಬ, ಕಣ್ಣು ಕಾಣದ ವೃದ್ಧರ ಬಳಿಗೆ ಕರೆದೊಯ್ದರು. ಎಲ್ಲವನ್ನೂ ಕೇಳಿಸಿಕೊಂಡ ವರಕಾ, ಮೂಸಾ ಅವರ ಬಳಿಗೆ ಬಂದಿದ್ದ ದೇವದೂತನೇ ಇವರ ಬಳಿಗೂ ಬಂದಿದ್ದಾನೆಂದೂ, ಮುಂದೆ ಊರಿನವರೇ ಇವರನ್ನು ಹೊರಗಟ್ಟುವರೆಂದೂ ಹೇಳಿದರಂತೆ. 622ರಲ್ಲಿ ಮುಹಮ್ಮದರು ಮಕ್ಕಾ ತೊರೆದು ಯಸ್ರಿಬ್‌ಗೆ, ಅಂದರೆ ಇಂದಿನ ಮದೀನಾಕ್ಕೆ, ವಲಸೆ ಹೋದರು. ಇಸ್ಲಾಮಿನ ಪಂಚಾಂಗವಾದ ಹಿಜರಿ ಶಕೆಯ ಎಣಿಕೆ ಆ ವರ್ಷದಿಂದಲೇ.

ಒಂದು ಎಚ್ಚರಿಕೆ: ಈ ಪ್ರಸಂಗ ಇಂದು ನಮಗೆ ದೊರೆಯುವ ಗ್ರಂಥಗಳು ರಚನೆಯಾದದ್ದು ಒಂದು ಶತಮಾನಕ್ಕೂ ಹೆಚ್ಚು ಕಾಲ ಕಳೆದ ಮೇಲೆ. ಆದ್ದರಿಂದ ಇತಿಹಾಸಕಾರರು ಇದರ ವಿವರಗಳನ್ನು ಪರಂಪರೆಯ ನಿರೂಪಣೆಯೆಂದೇ ಪರಿಗಣಿಸುತ್ತಾರೆ.