ಒಂದೂ ಕಂತು ತಪ್ಪಿಲ್ಲ, ಸಾಲ ಯಾಕೆ ಇಳಿದಿಲ್ಲ?

ಜಗದೇವಿ ಮತ್ತು ಶರಣಪ್ಪ ನಮ್ಮ ಕಲಬುರಗಿಯ ಕೌಟುಂಬಿಕ ಸಲಹಾ ಕೇಂದ್ರಕ್ಕೆ ಬಂದದ್ದು ಸಾಲದ ಸಲಹೆಗಲ್ಲ. ಮನೆಯಲ್ಲಿ ದಿನಾ ಜಗಳ, ತಂಗಿಗೆ ಗಂಡನ ಮೇಲೆ ಅನುಮಾನ, ರಾತ್ರಿ ನಿದ್ದೆಯಿಲ್ಲ ಎಂದು ಜಗದೇವಿಯ ಅಕ್ಕ ಇಬ್ಬರನ್ನೂ ಕರೆತಂದಿದ್ದರು. ಅದು 2024ರ ನವೆಂಬರ್. ಹೆಸರು, ಕೆಲಸದ ವಿವರ, ಬಡಾವಣೆ ಎಲ್ಲವನ್ನೂ ಬದಲಿಸಿದ್ದೇನೆ. ಸಾಲದ ಅಂಕಿಗಳನ್ನು ಗುರುತು ಸಿಗದಷ್ಟು, ಪ್ರಮಾಣ ಕೆಡದಷ್ಟು ಹೊಂದಿಸಿದ್ದೇನೆ. ಬರೆಯಲು ಇಬ್ಬರೂ ಒಪ್ಪಿದ್ದಾರೆ.

ಶರಣಪ್ಪನವರು ಗಂಜಿನ, ಅಂದರೆ ದವಸದ ಮಾರುಕಟ್ಟೆಯ, ಒಂದು ಅಡತಿ (ದಲ್ಲಾಳಿ) ಅಂಗಡಿಯಲ್ಲಿ ಲೆಕ್ಕ ಬರೆಯುತ್ತಾರೆ, ಪಗಾರ 42 ಸಾವಿರ. ಜಗದೇವಿ ಖಾಸಗಿ ಶಾಲೆಯಲ್ಲಿ ಪಾಠ ಮಾಡುತ್ತಾರೆ, 18 ಸಾವಿರ. 2021ರ ಜೂನ್‌ನಲ್ಲಿ ರಿಂಗ್ ರೋಡಿನ ಆಚೆ ಮನೆ ಕೊಂಡರು. ಬ್ಯಾಂಕಿನಿಂದ 28 ಲಕ್ಷ ಸಾಲ, ಶೇ. 7 ಬಡ್ಡಿ, 20 ವರ್ಷ, ತಿಂಗಳಿಗೆ 21,708 ರೂಪಾಯಿ ಕಂತು. ಅದರಲ್ಲಿ 9 ಸಾವಿರ ಜಗದೇವಿಯ ಪಗಾರದಿಂದ ಹೋಗುತ್ತದೆ.

ಮಗನ ಶಾಲೆಯ ಫೀಸಿಗೆ ಕಡಿಮೆ ಬಿದ್ದಾಗ, ಇನ್ನೆಷ್ಟು ಸಾಲ ಉಳಿದಿದೆ ನೋಡೋಣ ಎಂದು ಜಗದೇವಿ ಬ್ಯಾಂಕಿನಿಂದ ಸ್ಟೇಟ್‌ಮೆಂಟ್ ತೆಗೆಸಿದ್ದರು. 41 ಕಂತು ಕಟ್ಟಿಯಾಗಿತ್ತು. ಒಟ್ಟು 9 ಲಕ್ಷ 18 ಸಾವಿರ. ಬಾಕಿ ಇದ್ದದ್ದು 26 ಲಕ್ಷ 80 ಸಾವಿರ.

"ಒಂಬತ್ತ ಲಕ್ಷ ಕಟ್ಟೀವಿ ಮೇಡಂ, ಸಾಲ ಇಳಿದಿದ್ದು ಒಂದ್ ಲಕ್ಷ ಇಪ್ಪತ್ ಸಾವಿರ. ಒಂದ್ ಕಂತೂ ತಪ್ಪಿಲ್ಲ ಅಂತಾರ ಇವರು. ತಪ್ಪಿಲ್ಲಂದ್ರ ರೊಕ್ಕ ಎಲ್ಲಿಗಿ ಹೋಯ್ತು? ನಾದಿನಿ ಲಗ್ನ ಆದ ವರ್ಷ ಅದ ಅದು."

ಅನುಮಾನದ ಬೇರು ಅಲ್ಲಿತ್ತು. ಕಂತಿನ ದುಡ್ಡನ್ನು ಗಂಡ ತನ್ನ ತಂಗಿಯ ಮದುವೆಗೆ ತಿರುಗಿಸಿದ್ದಾನೆ ಎಂದು ಆಕೆ ನಂಬಿದ್ದರು. ಶರಣಪ್ಪನವರು ಉತ್ತರ ಕೊಡುವ ಸ್ಥಿತಿಯಲ್ಲಿ ಇರಲಿಲ್ಲ, ಯಾಕೆಂದರೆ ಸಾಲ ಯಾಕೆ ಇಳಿದಿಲ್ಲವೆಂದು ಅವರಿಗೂ ಗೊತ್ತಿರಲಿಲ್ಲ. ಊರ ರೈತರ ಲೆಕ್ಕವೆಲ್ಲ ಬರೆಯುವ ಮನುಷ್ಯ, ಸ್ವಂತ ಮನೆಯ ಲೆಕ್ಕ ತಿಳಿಯಲಿಲ್ಲ ಎಂದು ಹೇಳಲು ನಾಚಿ ಸುಮ್ಮನಿದ್ದರು. ಆ ಮೌನವೇ ತಪ್ಪೊಪ್ಪಿಗೆಯ ಹಾಗೆ ಕಂಡಿತ್ತು ಹೆಂಡತಿಗೆ.

ಇಂಥ ಜಗಳದಲ್ಲಿ ಭಾವನೆಯ ಮಾತನ್ನು ಮೊದಲಿಗೆ ಎತ್ತಿಕೊಂಡರೆ ಗಂಟು ಬಿಗಿಯಾಗುತ್ತದೆ ಎಂಬುದು ನನ್ನ ಅನುಭವ. ಹಾಗಾಗಿ ಮುಂದಿನ ಭೇಟಿಗೆ ಬ್ಯಾಂಕಿನ ಕಾಗದಗಳನ್ನೆಲ್ಲ ತನ್ನಿ ಎಂದೆ. ನಮ್ಮ ಕೇಂದ್ರಕ್ಕೆ ನೆರವಾಗುವ ನಿವೃತ್ತ ಬ್ಯಾಂಕ್ ಅಧಿಕಾರಿಯೊಬ್ಬರನ್ನು ಜೊತೆಗೆ ಕೂರಿಸಿಕೊಂಡೆ.

ಸ್ಟೇಟ್‌ಮೆಂಟಿನ ಮೊದಲ ಸಾಲಿನಲ್ಲೇ ಒಂದು ಸಂಗತಿ ಇತ್ತು. 21,708ರ ಮೊದಲ ಕಂತಿನಲ್ಲಿ ಬಡ್ಡಿಗೆ ಹೋದದ್ದು 16,333, ಅಸಲಿಗೆ ಸೇರಿದ್ದು 5,375. ಬಾಕಿ ದೊಡ್ಡದಿರುವಾಗ ಬಡ್ಡಿಯೂ ದೊಡ್ಡದು, ಆದ್ದರಿಂದ ಆರಂಭದ ವರ್ಷಗಳ ಕಂತು ಹೆಚ್ಚುಕಡಿಮೆ ಬಡ್ಡಿಯೇ. ಈ ಮನೆಗೆ ಬರುವ ಮುಂಚೆ ಅವರು ಕೊಡುತ್ತಿದ್ದ ಬಾಡಿಗೆ 8 ಸಾವಿರ. "ಬಾಡಿಗಿ ಕಟ್ಟೋದು ದಂಡ, ಅದೇ ರೊಕ್ಕ ಕಂತಿಗಿ ಕಟ್ರಿ" ಎಂದು ಬಂಧುಗಳೆಲ್ಲ ಹೇಳಿದ್ದರಂತೆ. ಸ್ವಂತ ಮನೆ ಬೇಡ ಎಂದು ನಾನು ಯಾರಿಗೂ ಹೇಳುವುದಿಲ್ಲ, ಅದರ ನೆಮ್ಮದಿಗೆ ಬೆಲೆ ಕಟ್ಟಲಾಗದು. ಆದರೆ ತಿಂಗಳಿಗೆ 16 ಸಾವಿರ ಬಡ್ಡಿ ಕಟ್ಟುವವರಿಗೆ 8 ಸಾವಿರ ಬಾಡಿಗೆ ದಂಡ ಎಂದು ಹೇಳುವವರು ಈ ಎರಡು ಅಂಕಿಗಳನ್ನು ಒಮ್ಮೆ ಪಕ್ಕಪಕ್ಕದಲ್ಲಿ ಬರೆದು ನೋಡಬೇಕು.

ನಿಜವಾದ ಪೆಟ್ಟು ಬಿದ್ದದ್ದು ಮುಂದಿನ ಪುಟದಲ್ಲಿ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಬದಲಾಗುವ ಬಡ್ಡಿಯ ಗೃಹಸಾಲಗಳು ರೆಪೊ ದರದಂಥ (ರಿಸರ್ವ್ ಬ್ಯಾಂಕು ಇತರ ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿದರ) ಹೊರಗಿನ ಮಾನದಂಡಕ್ಕೆ ಜೋಡಣೆಯಾಗಿವೆ. ಇವರ ಸಾಲ ರೆಪೊ ಮತ್ತು ಅದರ ಮೇಲೆ ಶೇ. 3. ರೆಪೊ ಶೇ. 4 ಇದ್ದಾಗ ಸಾಲ ಮಾಡಿದ್ದರಿಂದ ಶೇ. 7 ಆಯಿತು. ರಿಸರ್ವ್ ಬ್ಯಾಂಕು 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊವನ್ನು ಶೇ. 6.5ಕ್ಕೆ ಒಯ್ದಿತು. ಇವರ ಬಡ್ಡಿ ಶೇ. 9.5 ಆಯಿತು.

2023ರ ಏಪ್ರಿಲ್‌ನ ಸಾಲನ್ನು ನಾವು ಬೆರಳಿಟ್ಟು ಓದಿದೆವು. ಬಾಕಿ 27 ಲಕ್ಷ 15 ಸಾವಿರ. ಆ ತಿಂಗಳ ಬಡ್ಡಿ 21,496. ಹಳೆಯ ಕಂತೇ ಮುಂದುವರಿದಿದ್ದರೆ ಅಸಲಿಗೆ ಸೇರುತ್ತಿದ್ದದ್ದು 212 ರೂಪಾಯಿ, ಸಾಲ ತೀರಲು ಇನ್ನೂ 48 ವರ್ಷ ಮೀರಿ ಬೇಕಾಗುತ್ತಿತ್ತು. ಅದಕ್ಕೆ ಬ್ಯಾಂಕು ಕಂತನ್ನು 23,131ಕ್ಕೆ ಏರಿಸಿ, ಅವಧಿಯನ್ನು 2041ರ ಜೂನ್‌ನಿಂದ 2051ರ ಮಾರ್ಚಿಗೆ ತಳ್ಳಿತ್ತು. ಶರಣಪ್ಪನವರ ಫೋನಿನಲ್ಲಿ ಆ ಸಂದೇಶ ಹಾಗೇ ಇತ್ತು. ಇಂಗ್ಲಿಷಿನಲ್ಲಿ ಎರಡು ಸಾಲು, ಒಟಿಪಿ ಮತ್ತು ರೀಚಾರ್ಜಿನ ಸಂದೇಶಗಳ ನಡುವೆ.

"ಕಂತು ಹದಿನಾಕ್ ನೂರು ಜಾಸ್ತಿ ಆಗ್ಯಾದ ಅಂತ ಗೊತ್ತಿತ್ರಿ. ಅಷ್ಟ ಏನ ಬಿಡು ಅಂದಿದ್ದೆ" ಎಂದರು.

ಇಬ್ಬರಿಂದಲೂ ಒಂದು ಗುಣಾಕಾರ ಮಾಡಿಸಿದೆ. ಸಾಲ ಮಾಡಿದ ದಿನದ ಲೆಕ್ಕದಂತೆ 20 ವರ್ಷದಲ್ಲಿ ಕಟ್ಟಬೇಕಿದ್ದದ್ದು 52 ಲಕ್ಷ 10 ಸಾವಿರ. ಬಡ್ಡಿ ಏರಿದಾಗ ಅವಧಿ ಹಾಗೇ ಇಟ್ಟು ಕಂತನ್ನು 26,145ಕ್ಕೆ ಏರಿಸಿದ್ದರೆ ಒಟ್ಟು 61 ಲಕ್ಷ 82 ಸಾವಿರ. ಈಗಿನಂತೆ ನಡೆದರೆ, ಬಡ್ಡಿ ಅಲ್ಲೇ ನಿಂತರೆ, 82 ಲಕ್ಷ 28 ಸಾವಿರ. ಅಂದರೆ ತಿಂಗಳಿಗೆ 3 ಸಾವಿರ ಉಳಿದ ಹಾಗೆ ಕಂಡದ್ದಕ್ಕೆ ಕೊನೆಗೆ ತೆರುವುದು 20 ಲಕ್ಷ. ಕೊನೆಯ ಕಂತಿನ ಹೊತ್ತಿಗೆ ಶರಣಪ್ಪನವರಿಗೆ 64.

ಶರಣಪ್ಪನವರು ಬಹಳ ಹೊತ್ತು ಆ ಕಾಗದವನ್ನೇ ನೋಡಿದರು. ಆಮೇಲೆ ಹೇಳಿದ ಮಾತು ನನ್ನ ಕಣ್ಣನ್ನೂ ತೆರೆಸಿತು. ಗಂಜಿನಲ್ಲಿ ಸಾವಕಾರರು ನೂರಕ್ಕೆ ತಿಂಗಳಿಗೆ ಎರಡು ರೂಪಾಯಿ ಬಡ್ಡಿ ಹಿಡಿಯುತ್ತಾರೆ. ಬಿತ್ತಿಗೆಗೆ ಒಯ್ದವನು ತೊಗರಿ ಬಂದ ಮೇಲೆ ತೀರಿಸುತ್ತಾನೆ, ಏಳೆಂಟು ತಿಂಗಳ ಮಾತು. ಅಲ್ಲಿ ದರ ಒಂದನ್ನೇ ನೋಡುವುದು ರೂಢಿ, ಅವಧಿ ಎಲ್ಲರಿಗೂ ಹೆಚ್ಚುಕಡಿಮೆ ಒಂದೇ. ಶೇ. 9.5 ಎಂದರೆ ನೂರಕ್ಕೆ ತಿಂಗಳಿಗೆ 79 ಪೈಸೆ. ಎರಡು ರೂಪಾಯಿ ನೋಡಿ ಪಳಗಿದ ಕಣ್ಣಿಗೆ 79 ಪೈಸೆ ಸೋವಿ ಎನಿಸಿತು. ಆ ಸೋವಿ ಬಡ್ಡಿ ಮೂವತ್ತು ವರ್ಷ ನಡೆದರೆ ಏನಾಗುತ್ತದೆಂದು ಗಂಜಿನ ಯಾವ ಲೆಕ್ಕದ ಪುಸ್ತಕದಲ್ಲೂ ಅವರು ಬರೆದಿರಲಿಲ್ಲ.

ಜಗದೇವಿ ಅಳತೊಡಗಿದರು. ಗಂಡನ ಮೇಲಿನ ಅನುಮಾನ ಸುಳ್ಳಾಯಿತು ಎಂಬ ಸಮಾಧಾನವೂ ಇತ್ತು, ಆಡಿದ ಮಾತುಗಳ ನೋವೂ ಇತ್ತು. ಆ ದಿನ ಸಲಹೆ ಏನೂ ಕೊಡಲಿಲ್ಲ. ಕಾಗದಗಳನ್ನು ಮನೆಗೆ ಒಯ್ದು ಇಬ್ಬರೂ ಕೂಡಿ ಮತ್ತೊಮ್ಮೆ ಓದಿ ಬನ್ನಿ ಎಂದಷ್ಟೇ ಹೇಳಿ ಕಳಿಸಿದೆ.

ಮುಂದಿನ ಭೇಟಿಯಲ್ಲಿ ಶರಣಪ್ಪನವರೇ ಒಂದು ಪ್ರಶ್ನೆ ಹಿಡಿದು ಬಂದಿದ್ದರು. "ಮುಂದ ಪಗಾರ ಏರ್ತದಲ್ರಿ ಮೇಡಂ. 2051ರಾಗ ಇಪ್ಪತ್ ಮೂರ್ ಸಾವಿರ ಅಂದ್ರ ಏನು ಮಹಾ?" ಮಾತು ಸರಿಯಾಗಿತ್ತು. ಇಂದಿನ ರೂಪಾಯಿಗೆ ಇರುವ ಬೆಲೆ ಅಂದಿನ ರೂಪಾಯಿಗೆ ಇರುವುದಿಲ್ಲ, 82 ಲಕ್ಷವನ್ನು ಇಂದಿನ 82 ಲಕ್ಷವೆಂದು ಎಣಿಸಿ ಎದೆಗುಂದಬಾರದು. ಆದರೆ ಪಗಾರ ಏರುವುದು ನಿಜವಾದರೆ ಕಂತನ್ನೂ ಏರಿಸುವ ಶಕ್ತಿ ಬರುತ್ತದೆ. ಪಗಾರ ಏರಿ ಕಂತು ಅಲ್ಲೇ ನಿಂತರೆ ಆ ಲಾಭ ಬೇರೆ ಕಡೆ ಕರಗಿಹೋಗುತ್ತದೆ, ಬಡ್ಡಿ ಮಾತ್ರ ನಡೆಯುತ್ತಿರುತ್ತದೆ.

ಮೊದಲ ಸಲಹೆ, ಬ್ಯಾಂಕಿಗೆ ಲಿಖಿತ ಅರ್ಜಿ ಕೊಟ್ಟು ಕಂತು ಏರಿಸಿ ಹಳೆಯ ಅವಧಿಗೆ ಮರಳುವುದು. ಇದು ದಯೆ ಕೇಳುವ ವಿಷಯವಲ್ಲ. ಬಡ್ಡಿ ಬದಲಾದಾಗ ಕಂತು ಏರಿಸಬೇಕೋ, ಅವಧಿ ಬೆಳೆಸಬೇಕೋ, ಎರಡೂ ಸ್ವಲ್ಪ ಸ್ವಲ್ಪವೋ ಎಂಬ ಆಯ್ಕೆಯನ್ನು ಸಾಲಗಾರರಿಗೆ ಕೊಡಬೇಕೆಂದು ರಿಸರ್ವ್ ಬ್ಯಾಂಕು 2023ರ ಆಗಸ್ಟ್ 18ರಂದು ಸುತ್ತೋಲೆ ಹೊರಡಿಸಿದೆ. ಈವರೆಗೆ ವಸೂಲಾದ ಅಸಲು ಎಷ್ಟು, ಬಡ್ಡಿ ಎಷ್ಟು, ಉಳಿದ ಕಂತು ಎಷ್ಟು ಎಂಬ ವಿವರ ಮೂರು ತಿಂಗಳಿಗೊಮ್ಮೆ ಸಿಗಬೇಕೆಂದೂ ಅದರಲ್ಲೇ ಇದೆ. 26 ಲಕ್ಷ 80 ಸಾವಿರವನ್ನು 2041ರ ಜೂನ್‌ಗೆ ಮುಗಿಸಲು ಶೇ. 9.5ರಲ್ಲಿ ಕಂತು ಸುಮಾರು 26,800 ಆಗುತ್ತದೆ. ಹೆಚ್ಚುವರಿ 3,670 ರೂಪಾಯಿ ಎಲ್ಲಿಂದ? ಅಂಚೆ ಕಚೇರಿಯಲ್ಲಿ ಜಗದೇವಿ ತಿಂಗಳಿಗೆ 4 ಸಾವಿರದ ಆರ್‌ಡಿ (ತಿಂಗಳ ಕಂತಿನ ಉಳಿತಾಯ ಠೇವಣಿ) ಕಟ್ಟುತ್ತಿದ್ದರು. ಅದಕ್ಕೆ ಸಿಗುವ ಬಡ್ಡಿ ಶೇ. 7ಕ್ಕಿಂತ ಕಡಿಮೆ, ಸಾಲಕ್ಕೆ ಕೊಡುವುದು ಶೇ. 9.5. ಆಪತ್ತಿಗೆಂದು ಮೂರು ತಿಂಗಳ ಖರ್ಚು ಬೇರೆ ಖಾತೆಯಲ್ಲಿ ಇದ್ದುದರಿಂದಲೇ ಆರ್‌ಡಿ ನಿಲ್ಲಿಸಲು ಹೇಳಿದೆ. ಆ ಆಪತ್ತಿನ ದುಡ್ಡು ಇಲ್ಲದ ಮನೆಯವರಿಗೆ ಈ ಸಲಹೆ ಕೊಡುವುದಿಲ್ಲ. ಆಸ್ಪತ್ರೆಯ ಖರ್ಚು ಬಂದಾಗ ಮತ್ತೆ ಎರಡು ರೂಪಾಯಿ ಬಡ್ಡಿಗೆ ಕೈಚಾಚಿದರೆ ಉಳಿಸಿದ್ದೆಲ್ಲ ಅಲ್ಲಿಗೆ ಹೋಗುತ್ತದೆ.

ಹೊಸ ಸಾಲಗಾರರಿಗೆ ಆಗ ಶೇ. 8.5ರ ಆಸುಪಾಸಿನಲ್ಲಿ ಗೃಹಸಾಲ ಸಿಗುತ್ತಿತ್ತು. ರೆಪೊ ಮೇಲಿನ ಶೇ. 3ನ್ನು ಇಳಿಸಿರಿ, ಇಲ್ಲದಿದ್ದರೆ ಸಾಲವನ್ನು ಬೇರೆ ಬ್ಯಾಂಕಿಗೆ ಒಯ್ಯುತ್ತೇವೆ ಎಂದು ಅದೇ ಅರ್ಜಿಯಲ್ಲಿ ಬರೆಸಿದೆವು. ಮನೆಗಾಗಿ ವ್ಯಕ್ತಿಗಳು ತೆಗೆದುಕೊಂಡ ಬದಲಾಗುವ ಬಡ್ಡಿಯ ಸಾಲವನ್ನು ಮುಂಚಿತವಾಗಿ ತೀರಿಸಿದರೆ ದಂಡ ಹಾಕುವಂತಿಲ್ಲ. ಹೊಸ ಬ್ಯಾಂಕಿನ ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯ, ಅಡಮಾನದ ಮುದ್ರಾಂಕ ಕಳೆದೂ ಲಾಭ ಉಳಿಯುತ್ತದೆಯೇ ಎಂದು ಮೊದಲು ಕೂಡಿ ಕಳೆದು ನೋಡಬೇಕು ಅಷ್ಟೆ.

ಗಂಜಿನಲ್ಲಿ ದೀಪಾವಳಿಗೆ ಸಿಗುವ 30 ಸಾವಿರ ಇನಾಮಿನ ಬಗ್ಗೆ ಒಂದು ಮಾತು. ಈ ಹಂತದಲ್ಲಿ ಒಮ್ಮೆ ಅಸಲಿಗೆ ಕಟ್ಟಿದ 30 ಸಾವಿರ ಕೊನೆಯ ಐದು ಕಂತುಗಳನ್ನು ಅಳಿಸುತ್ತದೆ. ಕಟ್ಟುವಾಗ "ಅವಧಿ ಇಳಿಸಿರಿ, ಕಂತು ಇಳಿಸಬೇಡಿ" ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಬೇಕು.

ಕಾಗದದ ಕಟ್ಟಿನಲ್ಲಿ ವಿಮೆಯ ಪಾಲಿಸಿಯೂ ಇತ್ತು. ಸಾಲ ಮಂಜೂರಾದಾಗ ಕಡ್ಡಾಯವೆಂದು ಹೇಳಿ ಮಾಡಿಸಿದ್ದು. ಕಡ್ಡಾಯವಲ್ಲ. 90 ಸಾವಿರದ ಪ್ರೀಮಿಯಂ ಸಾಲದಲ್ಲೇ ಸೇರಿತ್ತು, ಆದ್ದರಿಂದ ಅದಕ್ಕೂ ಬಡ್ಡಿ. 2051ರ ಲೆಕ್ಕದಲ್ಲಿ ಆ 90 ಸಾವಿರಕ್ಕೆ ತೆರುವುದು 2 ಲಕ್ಷ 64 ಸಾವಿರ. ಅದಕ್ಕಿಂತ ನನಗೆ ಆತಂಕ ತಂದದ್ದು ಬೇರೆ. ಆ ಪಾಲಿಸಿಯ ರಕ್ಷಣೆ ಶೇ. 7 ಬಡ್ಡಿ, 20 ವರ್ಷದ ಮೂಲ ಪಟ್ಟಿಯಂತೆ ವರ್ಷವರ್ಷ ಇಳಿಯುತ್ತಿತ್ತು. ಸಾಲವೋ ಆ ಪಟ್ಟಿಯಂತೆ ಇಳಿಯುತ್ತಿರಲಿಲ್ಲ. ಆಗಲೇ 1 ಲಕ್ಷ 28 ಸಾವಿರದ ಅಂತರ ಬಿದ್ದಿತ್ತು. 2041ರ ನಂತರವಂತೂ ರಕ್ಷಣೆಯೇ ಇಲ್ಲ, ಸಾಲ ಇದೆ. ಶರಣಪ್ಪನವರ ಹೆಸರಲ್ಲಿ ಸಾದಾ ಟರ್ಮ್ ವಿಮೆ (ನಿಗದಿತ ಅವಧಿಯೊಳಗೆ ಸಾವಾದರೆ ಮಾತ್ರ ಹಣ ಕೊಡುವ ಜೀವವಿಮೆ) ಮಾಡಿಸಲು ಹೇಳಿದೆ.

ತೆರಿಗೆ ಉಳಿಯುತ್ತದೆಂಬ ಕಾರಣಕ್ಕೆ ಸಾಲ ದೊಡ್ಡದೇ ಇರಲಿ ಎಂದು ಯಾರೋ ಹೇಳಿದ್ದರಂತೆ. ವರ್ಷಕ್ಕೆ 5 ಲಕ್ಷದ ಆಸುಪಾಸಿನ ಪಗಾರಕ್ಕೆ ಕಟ್ಟಬೇಕಾದ ತೆರಿಗೆಯೇ ಇಲ್ಲ. ಹೊಸ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವಿನಾಯಿತಿಯೂ ಇಲ್ಲ.

ಒಂದು ವರ್ಷದ ನಂತರದ ಸ್ಥಿತಿ ಹೀಗಿದೆ. 2025ರ ಜನವರಿಯಿಂದ ಕಂತು 26,800. ಆ ವರ್ಷ ರಿಸರ್ವ್ ಬ್ಯಾಂಕು ಫೆಬ್ರವರಿ, ಏಪ್ರಿಲ್, ಜೂನ್ ತಿಂಗಳುಗಳಲ್ಲಿ ರೆಪೊ ಇಳಿಸಿ ಶೇ. 5.5ಕ್ಕೆ ತಂದಿತು, ಇವರ ಬಡ್ಡಿ ಶೇ. 8.5 ಆಯಿತು. ಕಂತು ಇಳಿಸಲೇ ಎಂದು ಬ್ಯಾಂಕು ಕೇಳಿದಾಗ ಜಗದೇವಿ ಬೇಡವೆಂದರು. ಕಂತುಗಳಿಂದಲೇ ಆ ಒಂದು ವರ್ಷದಲ್ಲಿ ಅಸಲು 85 ಸಾವಿರ ಇಳಿದಿದೆ, ದೀಪಾವಳಿಯ ಇನಾಮು ಬೇರೆ. ರೆಪೊ ಮೇಲಿನ ಶೇ. 3ನ್ನು ಬ್ಯಾಂಕು ಇನ್ನೂ ಇಳಿಸಿಲ್ಲ. ಬೇರೆ ಬ್ಯಾಂಕಿಗೆ ಒಯ್ಯುವ ಮಾತು ನಡೆದಿದೆ.

ಈಗ ಅವರು ನನ್ನ ಬಳಿ ಬರುವುದು ಇನ್ನೊಂದು ವಿಷಯಕ್ಕೆ. ಸಾಲದ ಕಾಗದಕ್ಕೆ ಜಗದೇವಿಯೂ ಸಹ-ಅರ್ಜಿದಾರರಾಗಿ ಸಹಿ ಹಾಕಿದ್ದಾರೆ, ಅಂದರೆ ಪೂರ್ತಿ ಸಾಲಕ್ಕೆ ಅವರೂ ಹೊಣೆ. ಮನೆಯ ಖರೀದಿ ಪತ್ರದಲ್ಲಿ ಮಾತ್ರ ಅವರ ಹೆಸರಿಲ್ಲ. ಸಾಲಕ್ಕೆ ಸಹಿ ಹಾಕಿದ ಮಾತ್ರಕ್ಕೆ ಮನೆಯಲ್ಲಿ ಪಾಲು ಬರುವುದಿಲ್ಲ ಎಂದು ನಾನು ಹೇಳಿದಾಗ ಇಬ್ಬರಿಗೂ ಅದು ಹೊಸ ಸುದ್ದಿ. ಬ್ಯಾಂಕಿನ ಒಪ್ಪಿಗೆ ಪಡೆದು ಅರ್ಧ ಪಾಲನ್ನು ದಾನಪತ್ರದ ಮೂಲಕ ಹೆಂಡತಿಗೆ ಬರೆದುಕೊಡಬಹುದೆಂದು ಸೂಚಿಸಿದ್ದೇನೆ. ಅವ್ವನ ಜೊತೆ ಮಾತಾಡಲು ಶರಣಪ್ಪನವರು ಯುಗಾದಿಯವರೆಗೆ ಸಮಯ ಕೇಳಿದ್ದಾರೆ. ಜಗದೇವಿ ಒಪ್ಪಿದ್ದಾರೆ.