ಬಾಗಿಲದಾಗ ನಿಂತವರು

ಪ್ರಶ್ನೆ: ಅಕ್ಕಾರ, ನಮ್ಮೂರ ಭಜನಾ ಮೇಳದ ಹಿರಿಯರು ನನ್ನನ್ನು ಸೇರಿಸಿಕೊಳ್ಳುತ್ತಿಲ್ಲ. ‘ಪದ ಕಲಿತು ಬಾ’ ಎಂದರು. ಕಲಿತು ಹೋದೆ, ‘ತಾಳ ಕೂಡಿಲ್ಲ’ ಎಂದರು. ಕತೆಗಳಲ್ಲಿ ಬರುವ ದ್ವಾರಪಾಲಕರಂತೆ ಇವರನ್ನೂ ಗೌರವಿಸಬೇಕೋ, ದಾಟಿ ಹೋಗಬೇಕೋ?
— ಒಬ್ಬ ಯುವತಿ, ಬ್ಯಾಡಗಿ

ಉತ್ತರ: ತಂಗಿ, ನಿನ್ನ ಪತ್ರ ಓದಿ ಧಾರವಾಡದ ನಮ್ಮ ಓಣಿ ಗುಡಿಯ ಹಿತ್ತಾಳಿ ತಾಳ ನೆನಪಾದುವು. ಆಗ ನನಗ ಹದಿನಾಲ್ಕು. ಪೇಟಿ ಬಾರಸೋ ಅಜ್ಜಾರು ಒಂದು ವರ್ಷ ಹಾಡಗೊಡಲಿಲ್ಲ, ಬರೇ ತಾಳ ಕೊಟ್ರು. ದಾರ ಸುತ್ತಿ ಸುತ್ತಿ ಬೆರಳು ಜಡ್ಡುಗಟ್ಟಿದ್ದುವು. ಆದ್ರ ಪ್ರತಿ ಸೋಮವಾರ, ಎಲ್ಲಿ ತಪ್ಪಿದೆ ಅನ್ನೋದನ್ನ ತೊಡಿ ಮ್ಯಾಲ ಬಡದು ತೋರಸತಿದ್ರು. ಒಂದು ಶ್ರಾವಣದಾಗ ತಾವೇ ಸರದು ಕೂತು, ‘ಬಾ ಮಗಳ, ನೀ ಹೇಳು, ನಾವು ಹಿಂದ ಹೇಳತೀವಿ’ ಅಂದ್ರು. ಅವರು ಹಂಗ ಸರದದ್ದು ಇವತ್ತಿಗೂ ಕಣ್ಣಾಗ ಐತಿ.

ಕತಿಯೊಳಗೂ ನೋಡು. ಲಂಕಾದ ಬಾಗಿಲ ಕಾಯೋ ಲಂಕಿಣಿ ಹನುಮಂತನ್ನ ತಡೀತಾಳ. ಗುದ್ದು ತಿಂದ ಮ್ಯಾಲ, ಮಂಗನ ಕೈಯಾಗ ಸೋತ ದಿನ ರಾಕ್ಷಸರ ಕಾಲ ಮುಗೀತು ಅಂತ ಬ್ರಹ್ಮ ಹೇಳಿದ್ದನ್ನ ನೆನಸಿ ದಾರಿ ಬಿಡತಾಳ. ಕೊಳದ ಯಕ್ಷ ಪ್ರಶ್ನಿ ಕೇಳತಾನ, ಉತ್ತರ ಸಿಕ್ಕ ಮ್ಯಾಲ ಧರ್ಮರಾಯನ ನಾಲ್ಕೂ ತಮ್ಮಂದಿರನ್ನ ಎಬ್ಬಿಸಿ ಕೊಡತಾನ. ವೈಕುಂಠದ ಬಾಗಿಲ ಕಾಯೋ ಜಯ-ವಿಜಯರು ಮಾತ್ರ ಸನಕಾದಿ ಋಷಿಗಳ ರೂಪ ನೋಡಿ ತಡದ್ರು: ಸಣ್ಣ ಹುಡುಗರು, ಮೈಮ್ಯಾಲ ಅರಿವಿಲ್ಲ. ಋಷಿಗಳ ಶಾಪ ತಟ್ಟಿ ವೈಕುಂಠದಿಂದ ಹೊರಗ ಬಿದ್ದವರು ಆ ಕಾವಲುಗಾರರೇ. ಹಿರಣ್ಯಾಕ್ಷ-ಹಿರಣ್ಯಕಶಿಪು, ರಾವಣ-ಕುಂಭಕರ್ಣ, ಶಿಶುಪಾಲ-ದಂತವಕ್ರ ಆಗಿ ಮೂರು ಜನ್ಮ ತಿರುಗಿದ್ರು ಪಾಪ.

ಇಲ್ಲೇ ಕುಂದಗೋಳದಾಗ ಹಿಂದೂಸ್ತಾನಿ ಗಾಯಕ ಸವಾಯಿ ಗಂಧರ್ವರು, ಸಂಗೀತ ಕಲಿಯಾಕ ಬಂದ ಗದಗಿನ ಹುಡುಗ ಭೀಮಸೇನ ಜೋಶಿಯವರ ಕೈಲೆ ಮೊದಲು ನೀರು ಹೊರಿಸಿದ್ರು. ಆಮ್ಯಾಲ ತೋಡಿ, ಮುಲ್ತಾನಿ, ಪೂರಿಯಾ ರಾಗ ತಿದ್ದಿ ತಿದ್ದಿ ಕಲಿಸಿದ್ರು.

ನಿಮ್ಮ ಹಿರಿಯರನ್ನ ಇಷ್ಟು ಕೇಳು: ‘ಅಜ್ಜಾರ, ಯಾವ ಪದದಾಗ, ಯಾವ ನುಡಿಗೆ ತಾಳ ತಪ್ಪೇತಿ? ಕುಂಡ್ರಿಸಿಕೊಂಡು ತೋರಸ್ರಿ.’ ತೋರಿಸಿದ್ರ ಎರಡು ವರ್ಷ ಆದ್ರೂ ಅವರ ಮುಂದ ಕುಂಡ್ರು, ನಾ ಹೇಳತೇನಿ. ‘ಹೆಣ್ಣುಮಕ್ಕಳಿಗೆ ಇದು ಆಗೂದಿಲ್ಲ’ ಅಂದ್ರ ಅದು ಜಯ-ವಿಜಯರ ಮಾತು, ಅಲ್ಲಿ ಕಾಯಬ್ಯಾಡ. ನಾಲ್ಕು ಗೆಳತ್ಯಾರನ್ನ ಕೂಡಿಸಿ ನಿಮ್ಮ ಮನಿ ಕಟ್ಟಿ ಮ್ಯಾಲೇ ಶುರು ಮಾಡ್ರಿ. ಶರೀಫಜ್ಜನ ಶಿಶುನಾಳ ನಿಮ್ಮ ಜಿಲ್ಲಾದಾಗೇ ಐತಿ, ಪದಕ್ಕೇನು ಕಮ್ಮಿ?

ಆ ಹಿತ್ತಾಳಿ ತಾಳ ಈಗ ನನ್ನ ಹತ್ರ ಅದಾವು, ಅಜ್ಜಾರೇ ಕೊಟ್ಟದ್ದು. ಮೊನ್ನೆ ಹೊಸ ದಾರ ಹಾಕೇನಿ. ಬೇಕಾದ್ರ ಪತ್ರಿಕೆಗೆ ಒಂದು ಕಾಗದ ಬರಿ, ಕಳಸತೇನಿ.